ರಿಜೆಕ್ಟ್ ಆದ ಬೀಡಿ ಮತ್ತು ಒಂದು ಪಿಎಫ್ ನಂಬರ್

ಇವತ್ತಿನ ಸಂಚಿಕೆಗೆ ಕಾರಣ ಒಂದು ಟೀ ಶರ್ಟ್.

ಬಿ.ಕಾಂ. ಮುಗಿಸಿ ಬೆಂಗಳೂರಿಗೆ ಹೋದವರಲ್ಲಿ ನಾನೂ ಒಬ್ಬ. ನನ್ನ ಮೊದಲ ಕೆಲಸದ ಕಂಪನಿಯ ಹೆಸರು ಬೇಡ, ಈ ಕತೆಗೆ ಅದರ ಅಗತ್ಯವೂ ಇಲ್ಲ. ಅಲ್ಲಿ ಮೂರು ತಿಂಗಳಿಗೊಮ್ಮೆ ಎಲ್ಲರನ್ನೂ ಒಂದು ಹಾಲಿನಲ್ಲಿ ಕೂರಿಸಿ ಭಾಷಣ ಮಾಡಿಸ್ತಾ ಇದ್ರು. ಹೊರಗಿನಿಂದ ಒಬ್ಬರು ಮೋಟಿವೇಷನಲ್ ಸ್ಪೀಕರ್ ಬರ್ತಿದ್ರು. ಹದ್ದಿನ ಕತೆ, ಕುದಿಯುವ ನೀರಿನಲ್ಲಿ ಕಪ್ಪೆಯ ಕತೆ, ಕೊನೆಗೆ ಎಲ್ಲರೂ ಎದ್ದು ನಿಂತು ಚಪ್ಪಾಳೆ. ಹೋಗುವಾಗ ಕೈಗೆ ಒಂದು ಟೀ ಶರ್ಟ್, ಬೆನ್ನಲ್ಲಿ "ನಾವೆಲ್ಲ ಒಂದೇ ಕುಟುಂಬ" ಅಂತ ಇಂಗ್ಲಿಷಲ್ಲಿ ಬರೆದದ್ದು. ಅದಾಗಿ ಎರಡು ವಾರಕ್ಕೆ ನಮ್ಮ ಕುಟುಂಬದಿಂದ ಹನ್ನೊಂದು ಜನರನ್ನು ಮೇಲ್ ಕಳಿಸಿ ತೆಗೆದರು.

ಊರಿಗೆ ಫೋನ್ ಮಾಡಿ ಅಮ್ಮನಿಗೆ ಹೇಳಿದೆ. ಅಮ್ಮ ಕೇಳಿದ್ದು ಒಂದೇ ಪ್ರಶ್ನೆ: "ನಿನ್ನ ಪಿಎಫ್ ಕಟ್ತಾರಾ ಮಗಾ?"

ನನಗೆ ಆಗ ನಗು ಬಂತು. ನಾನು ಮಾತಾಡ್ತಾ ಇರೋದು ಇನ್‌ಸ್ಪಿರೇಷನ್ ಬಗ್ಗೆ, ಇವರು ಕೇಳ್ತಾ ಇರೋದು ಪಿಎಫ್. ಆದ್ರೆ ಅದು ಎಷ್ಟು ದೊಡ್ಡ ಪ್ರಶ್ನೆ, ಅದರ ಹಿಂದೆ ಎಷ್ಟು ವರ್ಷದ ಜಗಳ ಉಂಟು ಅಂತ ಗೊತ್ತಾಗಲಿಕ್ಕೆ ನನಗೆ ಇನ್ನೂ ಕೆಲವು ವರ್ಷ ಬೇಕಾಯ್ತು. ಇವತ್ತು ಆ ಜಗಳದ ಕತೆ ಹೇಳ್ತೇನೆ. ಜನ ಮನಸ್ಸಿಟ್ಟು ಕೆಲಸ ಮಾಡೋದು ಯಾಕೆ, ಯಾವಾಗ ಬಿಡ್ತಾರೆ ಅನ್ನೋ ಪ್ರಶ್ನೆಗೆ ನನ್ನ ಮಟ್ಟಿಗೆ ಉತ್ತರ ಸಿಕ್ಕಿದ್ದು ನಮ್ಮ ಮನೆ ಜಗಲಿಯಲ್ಲಿ.

ನಮ್ಮ ಮನೆ ಮಡಂತ್ಯಾರಿನ ಹತ್ತಿರ. ಗೊತ್ತಿಲ್ಲದವರಿಗೆ ಹೇಳ್ತೇನೆ: ಮಂಗಳೂರಿನಿಂದ ಬಂದು ಬಿ.ಸಿ. ರೋಡ್, ಬಂಟ್ವಾಳ ದಾಟಿ ಬೆಳ್ತಂಗಡಿ ಕಡೆಗೆ ಹೊರಟರೆ ಪುಂಜಾಲಕಟ್ಟೆ ಆದ ಮೇಲೆ, ಗುರುವಾಯನಕೆರೆಗೆ ಮುಂಚೆ ಸಿಗುವ ಪೇಟೆ. ಚರ್ಚು, ಕಾಲೇಜು, ಬಸ್ಸಿಗೆ ಕಾಯುವ ಜನ. ಈ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಕಡೆಯ ಮನೆಗಳಲ್ಲಿ ಹುಟ್ಟಿದವರಿಗೆ ಒಂದು ವಾಸನೆ ನೆನಪಿರ್ತದೆ, ಹೊಗೆಸೊಪ್ಪಿನದ್ದು. ಮತ್ತೆ ಒಂದು ಶಬ್ದ, ಒದ್ದೆ ಎಲೆಯನ್ನು ಕತ್ತರಿ ಕತ್ತರಿಸುವ ಶಬ್ದ. ಅಮ್ಮ, ಅಜ್ಜಿ, ದೊಡ್ಡಮ್ಮ, ಪಕ್ಕದ ಮನೆಯ ಅಕ್ಕ, ಎಲ್ಲರೂ ಬೀಡಿ ಕಟ್ಟಿದವರೇ. ಜಾತಿ, ಧರ್ಮ ಬೇರೆ ಬೇರೆ ಇರಬಹುದು, ಮಡಿಲಲ್ಲಿ ಇರುವ ತಡ್ಪೆ ಮಾತ್ರ ಒಂದೇ. ಘಟ್ಟದ ಮೇಲಿನವರಿಗೆ ಹೇಳುವುದಾದರೆ, ತಡ್ಪೆ ಅಂದ್ರೆ ಮೊರ.

ಕೆಲಸ ಹೇಗೆ ಅಂದ್ರೆ, ಬ್ರಾಂಚಿನಿಂದ ಎಲೆ, ಸೊಪ್ಪು, ನೂಲು ತರಬೇಕು. ಎಲೆಯನ್ನು ನೀರಲ್ಲಿ ನೆನೆಸಿ ಬಟ್ಟೆಯಲ್ಲಿ ಸುತ್ತಿ ಇಡಬೇಕು, ಇಲ್ಲದಿದ್ರೆ ಒಡೆಯುತ್ತದೆ. ಬೆಳಿಗ್ಗೆ ಮನೆ ಕೆಲಸ ಮುಗಿಸಿ ಅಳತೆ ನೋಡಿ ಕತ್ತರಿಸಬೇಕು, ನರ ದಪ್ಪ ಇದ್ದ ಕಡೆ ಬಿಡಬೇಕು. ಆಮೇಲೆ ಒಂದು ಚಿಟಿಕೆ ಸೊಪ್ಪು, ಸುರುಳಿ, ತುದಿ ಮಡಚು, ನೂಲು ಸುತ್ತು. ಇಪ್ಪತ್ತೈದಕ್ಕೆ ಒಂದು ಕಟ್ಟು. ಮಜೂರಿ ಲೆಕ್ಕ ಸಾವಿರಕ್ಕೆ. ಕೈ ಚುರುಕಿದ್ದವರು ದಿನಕ್ಕೆ ಸಾವಿರ ಮುಟ್ಟಿಸ್ತಾರೆ, ಆದ್ರೆ ಅದಕ್ಕೆ ದಿನ ಪೂರ್ತಿ ಬೇಕು, ಬೆನ್ನು ಪೂರ್ತಿ ಬೇಕು.

ಇಷ್ಟೆಲ್ಲ ಆದ ಮೇಲೆ ಪರೀಕ್ಷೆ ಬ್ರಾಂಚಲ್ಲಿ. ಅಲ್ಲಿ ಕೂತವರು ಕಟ್ಟು ಬಿಚ್ಚಿ ನೋಡ್ತಾರೆ. ಇದು ಸಡಿಲ, ಇದು ದಪ್ಪ, ಇದರ ಎಲೆ ಹರಿದಿದೆ. ರಿಜೆಕ್ಟ್. ಚಿಕ್ಕವನಿದ್ದಾಗ ಅಮ್ಮನ ಜೊತೆ ಹೋಗ್ತಿದ್ದೆ, ಬರುವಾಗ ಗೋಳಿಬಜೆ ಸಿಗ್ತದೆ ಅಂತ. ಅಮ್ಮನ ಮುಖ ನೋಡಿದ್ರೆ ಸಾಕು, ಇವತ್ತು ಗೋಳಿಬಜೆ ಉಂಟಾ ಇಲ್ವಾ ಅಂತ ಗೊತ್ತಾಗ್ತಿತ್ತು. ಕಂಪನಿಯೇ ಕೊಟ್ಟ ಎಲೆ ಹಾಳಿದ್ದರೂ ಸಾವಿರಕ್ಕೆ ಸಾವಿರ ಒಳ್ಳೆಯ ಬೀಡಿ ಕೊಡಬೇಕು. ಎಲೆ ಸಾಲದಿದ್ದರೆ ಕೈಯಿಂದ ಹಣ ಹಾಕಿ ತರಬೇಕು. ವಾದ ಮಾಡಿದರೆ ಮುಂದಿನ ಸಲ ಇನ್ನೂ ಕಳಪೆ ಎಲೆ. ರಿಜೆಕ್ಟ್ ಆದ ದಿನ ರಾತ್ರಿ ಅಮ್ಮ ಕತ್ತರಿ ಮುಟ್ಟುತ್ತಿರಲಿಲ್ಲ. ಇಷ್ಟು ವರ್ಷದಲ್ಲಿ "ಇವತ್ತು ಕೆಲಸಕ್ಕೆ ಮನಸ್ಸಿಲ್ಲ" ಅಂತ ಅವರ ಬಾಯಲ್ಲಿ ಕೇಳಿದ್ದು ಅಂಥ ರಾತ್ರಿಗಳಲ್ಲಿ ಮಾತ್ರ.

ಈ ಮನಸ್ಸು ಅನ್ನೋದರ ಬಗ್ಗೆ ನಮಗೆ ಕಾಲೇಜಲ್ಲಿ ಒಂದು ಇಡೀ ಪೇಪರ್ ಇತ್ತು. ಕಾಮರ್ಸ್ ಓದಿದವರಿಗೆ ನೆನಪಿರಬಹುದು: ಮ್ಯಾಸ್ಲೊ ಪಿರಮಿಡ್, ಹರ್ಜ್‌ಬರ್ಗ್, ಹಾಥಾರ್ನ್. ನಾವು ಉರು ಹೊಡೆದು ಬರೆದದ್ದು. ಹರ್ಜ್‌ಬರ್ಗ್ 1959ರ ಪುಸ್ತಕದಲ್ಲಿ ಹೇಳಿದ್ದು ಹೀಗೆ: ಸಂಬಳ, ಭದ್ರತೆ, ಕೆಲಸದ ಜಾಗ ಇವೆಲ್ಲ ಸರಿ ಇಲ್ಲದಿದ್ರೆ ಮನುಷ್ಯನಿಗೆ ಬೇಸರ ಬರ್ತದೆ, ಸರಿ ಇದ್ದ ಮಾತ್ರಕ್ಕೆ ಹುರುಪು ಬರೋದಿಲ್ಲ. ಹುರುಪಿಗೆ ಬೇರೆ ಬೇಕು: ಸಾಧನೆ, ಮನ್ನಣೆ, ಜವಾಬ್ದಾರಿ. ಕೇಳಲಿಕ್ಕೆ ಚಂದ. ಆದ್ರೆ ಅವರು ಮಾತಾಡಿಸಿದ್ದು ಅಮೆರಿಕದ ಪಿಟ್ಸ್‌ಬರ್ಗ್ ಕಡೆಯ ಸುಮಾರು 200 ಎಂಜಿನಿಯರ್‌ಗಳನ್ನು ಮತ್ತು ಅಕೌಂಟೆಂಟ್‌ಗಳನ್ನು. ಅವರಿಗೆ "ನೀನು ನಮ್ಮ ಕೆಲಸದವನೇ ಅಲ್ಲ" ಅಂತ ಯಾರೂ ಹೇಳಿರಲಿಲ್ಲ.

ಹಾಥಾರ್ನ್ ಕತೆ ಇನ್ನೂ ಮಜಾ. ಷಿಕಾಗೊ ಹತ್ತಿರದ ಟೆಲಿಫೋನ್ ಸಾಮಾನಿನ ಕಾರ್ಖಾನೆ. 1927ರಿಂದ ಕೆಲವು ಹುಡುಗಿಯರನ್ನು ಒಂದು ಬೇರೆ ಕೋಣೆಯಲ್ಲಿ ಕೂರಿಸಿ ಪ್ರಯೋಗ ಮಾಡಿದ್ರು. ಮಧ್ಯೆ ವಿಶ್ರಾಂತಿ ಕೊಟ್ಟು, ತಿಂಡಿ ಕೊಟ್ಟು, ಕೆಲಸದ ಹೊತ್ತು ಕಡಿಮೆ ಮಾಡಿ ನೋಡಿದ್ರು. ಕೆಲಸ ಹೆಚ್ಚಾಯ್ತು. ಗಮನ ಕೊಟ್ಟರೆ ಸಾಕು, ಜನ ಅರಳ್ತಾರೆ ಅಂತ ನಮ್ಮ ನೋಟ್ಸಲ್ಲಿ ಇತ್ತು. ನೋಟ್ಸಲ್ಲಿ ಇಲ್ಲದ್ದು ಏನು ಗೊತ್ತುಂಟಾ? 1928ರ ಆರಂಭದಲ್ಲಿ ಅವರಲ್ಲಿ ಇಬ್ಬರನ್ನು ಕೋಣೆಯಿಂದ ತೆಗೆದು ಬೇರೆಯವರನ್ನು ಹಾಕಿದ್ರು. ಕಾರಣ, ಅವರು ಜಾಸ್ತಿ ಮಾತಾಡ್ತಾರೆ, ಹೇಳಿದ ಹಾಗೆ ಕೇಳೋದಿಲ್ಲ ಅಂತ. ಈ ಮಾತಾಡುವ ವಿಷಯವನ್ನು ನೆನಪಿಟ್ಟುಕೊಳ್ಳಿ, ಅದಕ್ಕೆ ಮತ್ತೆ ಬರ್ತೇನೆ.

ಈಗ ನಮ್ಮ ಕಡೆಗೆ ಬರುವಾ. ಬೀಡಿ ಬೆಳೆಯಲಿಕ್ಕೆ ನಮ್ಮ ಊರಲ್ಲಿ ಏನೂ ಇಲ್ಲ ಮಾರಾಯ್ರೆ. ಎಲೆ ಬರೋದು ಮಧ್ಯಪ್ರದೇಶ, ಒಡಿಶಾದಂಥ ಕಡೆಯ ಕಾಡಿನಿಂದ, ಸೊಪ್ಪು ನಿಪ್ಪಾಣಿ ಮತ್ತು ಗುಜರಾತಿನಿಂದ. ನಮ್ಮಲ್ಲಿ ಇದ್ದದ್ದು ಕೈ ಮಾತ್ರ. ಆ ಕೈಗಳನ್ನು ನಂಬಿ ಮಂಗಳೂರಲ್ಲಿ ದೊಡ್ಡ ದೊಡ್ಡ ಕಂಪನಿಗಳು ಎದ್ದವು. 1939ರಲ್ಲಿ ಎಸ್. ರಘುರಾಮ ಪ್ರಭು ಅವರು ಶುರು ಮಾಡಿದ ವ್ಯಾಪಾರ ಮುಂದೆ ಮಂಗಳೂರು ಗಣೇಶ್ ಬೀಡಿ ಆಯ್ತು. ದಕ್ಷಿಣಕ್ಕೆ ಕಾಸರಗೋಡು ದಾಟಿ ಕಣ್ಣೂರಿನವರೆಗೆ ಈ ಮಂಗಳೂರು ಕಂಪನಿಗಳ ಕೆಲಸ ಹಬ್ಬಿತ್ತು. ಕಣ್ಣೂರಲ್ಲಿ ಜನ ಕೆಲಸದ ಶೆಡ್ಡುಗಳಲ್ಲಿ ಸಾಲಾಗಿ ಕೂತು ಕಟ್ಟುತ್ತಿದ್ದರು. ನಮ್ಮ ಕಡೆ ಮನೆಮನೆಯಲ್ಲಿ.

ಎಲ್ಲದರ ಮಧ್ಯೆ ಒಂದು ಪ್ರಶ್ನೆ ನೇತಾಡ್ತಾ ಇತ್ತು. ಬೀಡಿ ಕಟ್ಟುವವರು ಕಂಪನಿಯ ಕಾರ್ಮಿಕರಾ, ಅಲ್ವಾ? ಕಂಪನಿಗಳು ಹೇಳಿದ್ದು, ನಾವು ಕೆಲಸ ಕೊಡೋದು ಕಂಟ್ರಾಕ್ಟರಿಗೆ, ಅವರು ಯಾರಿಗೆ ಕೊಡ್ತಾರೋ ನಮಗೆ ಗೊತ್ತಿಲ್ಲ ಅಂತ. ಕೋರ್ಟುಗಳಿಗೂ ಇದು ಸುಲಭ ಆಗಿರಲಿಲ್ಲ. ನಾಸಿಕ್ ಜಿಲ್ಲೆಯ ಒಂದು ಬೀಡಿ ಕಾರ್ಖಾನೆಯ ಕೇಸಿನಲ್ಲಿ 1961ರಲ್ಲಿ ಸುಪ್ರೀಂ ಕೋರ್ಟ್, ಆ ಮನುಷ್ಯ ಬೇಕಾದಾಗ ಬರ್ತಾನೆ, ಬೇಕಾದಾಗ ಹೋಗ್ತಾನೆ, ಹಾಗಾಗಿ ಫ್ಯಾಕ್ಟರಿ ಕಾಯ್ದೆಯ ಪ್ರಕಾರ ಅವನು ಕಾರ್ಮಿಕ ಅಲ್ಲ ಅಂತ ಹೇಳಿತು. ಅದಕ್ಕೆ ಸ್ವಲ್ಪ ಮೊದಲು ನಾಗಪುರದ ಇನ್ನೊಂದು ಬೀಡಿ ಕೇಸಿನಲ್ಲಿ ಅದೇ ಕೋರ್ಟು, ಇವರು ಕಾರ್ಮಿಕರೇ ಅಂದಿತ್ತು. ಅಂದ್ರೆ ದಿನಕ್ಕೆ ಸಾವಿರ ಬೀಡಿ ಕಟ್ಟುವವರಿಗೆ ತಾನು ಯಾರು ಅಂತ ಗೊತ್ತಾಗಲಿಕ್ಕೆ ವಕೀಲರನ್ನು ಕೇಳಬೇಕು.

ಈ ಗೊಂದಲ ನಿಲ್ಲಿಸಲಿಕ್ಕೆ 1966ರಲ್ಲಿ ಸಂಸತ್ತು ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯ್ದೆ ತಂದಿತು. ದಿನಕ್ಕೆ ಹೆಚ್ಚೆಂದರೆ 9 ಗಂಟೆ, ವಾರಕ್ಕೆ 48. ಇಪ್ಪತ್ತು ದಿನ ದುಡಿದರೆ ಒಂದು ದಿನ ಸಂಬಳದ ರಜೆ. ಕೆಲಸದ ಜಾಗದಲ್ಲಿ ಗಾಳಿ, ಬೆಳಕು, ಶೌಚಾಲಯ, ಮಕ್ಕಳಿಗೆ ಒಂದು ಕೋಣೆ. ಎಲ್ಲಕ್ಕಿಂತ ದೊಡ್ಡ ಮಾತು, ಕಂಪನಿಯ ಎಲೆ ಸೊಪ್ಪು ತಂದು ಮನೆಯಲ್ಲಿ ಕಟ್ಟುವವರೂ ಕಾರ್ಮಿಕರೇ ಅಂತ ಬರೆದರು. ನಮ್ಮ ಜಗಲಿ ಮೊದಲ ಸಲ ಕಾನೂನಿನ ಕಣ್ಣಿಗೆ ಬಿತ್ತು.

ಕಾಯ್ದೆ ಮಾಡೋದು ಬೇರೆ, ಜಾರಿ ಮಾಡೋದು ಬೇರೆ. ಮೊದಲು ಜಾರಿಗೆ ಹೊರಟದ್ದು ಕೇರಳ. ಆಗ ಅಲ್ಲಿ ಇ.ಎಂ.ಎಸ್. ನಂಬೂದಿರಿಪಾಡ್ ಅವರ ಸರ್ಕಾರ. ಮಂಗಳೂರಿನ ಕಂಪನಿಗಳು, ಗಣೇಶ್ ಬೀಡಿಯೂ ಸೇರಿ, ಇದು ನಮಗೆ ಗಿಟ್ಟುವುದಿಲ್ಲ ಅಂತ 1968ರ ಅಕ್ಟೋಬರಿನಲ್ಲಿ ಕಣ್ಣೂರಿನ ಕೆಲಸ ನಿಲ್ಲಿಸಿಬಿಟ್ಟವು. ಸುಮಾರು 12,000 ಜನರಿಗೆ ಒಮ್ಮೆಲೇ ಕೆಲಸ ಇಲ್ಲ. ಹಕ್ಕು ಬಂತು, ಕೆಲಸ ಹೋಯ್ತು.

ಈ ಕತೆ ಕೇಳಿದಾಗ ನನಗೆ ಒಂಥರಾ ಆಯ್ತು. ಯಾಕಂದ್ರೆ ಕಣ್ಣೂರಲ್ಲಿ ನಿಂತ ಬೀಡಿ ಲೋಕದಿಂದ ನಿಲ್ಲಲಿಲ್ಲ. ಸೇದುವವರು ಸೇದ್ತಾನೇ ಇದ್ರು. ಎಲ್ಲಿ ಕಾನೂನು ಇನ್ನೂ ಬಾಗಿಲು ತಟ್ಟಿರಲಿಲ್ಲವೋ ಅಲ್ಲಿಯ ಕೈಗಳು ಅದನ್ನು ಕಟ್ಟಿದವು. ನಮ್ಮ ಅಜ್ಜಿಯಂಥವರು ತುಂಬಿಸಿಕೊಂಡ ತಡ್ಪೆಯಲ್ಲಿ ಕಣ್ಣೂರಿನ ಯಾರದ್ದೋ ಕೆಲಸ ಇದ್ದಿರಬಹುದು. ಅಜ್ಜಿಗೆ ಅದು ಗೊತ್ತಾಗುವ ದಾರಿಯೂ ಇರಲಿಲ್ಲ.

ಕಣ್ಣೂರಿನವರು ಏನು ಮಾಡಿದ್ರು? 1969ರ ಫೆಬ್ರವರಿಯಲ್ಲಿ ತಾವೇ ಒಂದು ಸಹಕಾರಿ ಸಂಘ ಕಟ್ಟಿದ್ರು. ಕೇರಳ ದಿನೇಶ್ ಬೀಡಿ. ಒಬ್ಬ ಕಾರ್ಮಿಕನ ಷೇರು 20 ರೂಪಾಯಿ. ಅದರಲ್ಲಿ ಕಾರ್ಮಿಕ ಕೈಯಿಂದ ಹಾಕಬೇಕಾದ್ದು 1 ರೂಪಾಯಿ, ಉಳಿದ 19 ಸರ್ಕಾರ ಕೊಟ್ಟ ಸಾಲ. ಜಿ.ಕೆ. ಪಣಿಕ್ಕರ್ ಅಂತ ಕೈಗಾರಿಕಾ ಇಲಾಖೆಯಿಂದ ಬಂದ ಅಧಿಕಾರಿ ಅದರ ಅಧ್ಯಕ್ಷರಾದ್ರು. ಮೊದಲು ಸುಮಾರು 3,000 ಜನರಿಗೆ ಮಾತ್ರ ಕೆಲಸ. 1980ರ ದಶಕಕ್ಕೆ ಬರುವಾಗ ಕಣ್ಣೂರು, ಕಾಸರಗೋಡು ಜಿಲ್ಲೆಗಳಲ್ಲಿ 40,000ಕ್ಕೂ ಹೆಚ್ಚು ಜನ. ಊರೂರಿನ ಪ್ರಾಥಮಿಕ ಸಂಘಗಳು, ಅವುಗಳ ಮೇಲೆ ಒಂದು ಕೇಂದ್ರ ಸಂಘ. ಸಂಘದ ನಿರ್ದೇಶಕರನ್ನು ಕಾರ್ಮಿಕರೇ ಮತ ಹಾಕಿ ಆರಿಸುವುದು. ಬೀಡಿ ಕಟ್ಟುವ ಹೆಂಗಸು ಬೆಳಿಗ್ಗೆ ಎಲೆ ಕತ್ತರಿಸಿ ಸಂಜೆ ಮೀಟಿಂಗಲ್ಲಿ ಲಾಭನಷ್ಟದ ಪಟ್ಟಿ ಕೇಳಬಹುದಿತ್ತು.

ಟಾಮ್ ಐಸಾಕ್, ಮುಂದೆ ಕೇರಳದ ಹಣಕಾಸು ಸಚಿವರಾದವರು, ಇನ್ನಿಬ್ಬರ ಜೊತೆ ಸೇರಿ 1998ರಲ್ಲಿ ಈ ದಿನೇಶ್ ಬೀಡಿಯ ಮೇಲೆ ಒಂದು ಪುಸ್ತಕವನ್ನೇ ಬರೆದ್ರು. ಕಾಲೇಜಿನಲ್ಲಿ ಷಿಕಾಗೊ, ಪಿಟ್ಸ್‌ಬರ್ಗ್ ಎಲ್ಲ ಓದಿಸಿದರು, ಕಾಸರಗೋಡಿನ ಆಚೆಗೆ ಇರುವ ಇದರ ಬಗ್ಗೆ ಒಂದು ಸಾಲು ಇರಲಿಲ್ಲ. ಇರಲಿ.

ದಿನೇಶ್ ಶೆಡ್ಡಿನ ಒಳಗೆ ಏನು ನಡೀತಿತ್ತು ಅನ್ನೋದು ನನಗೆ ತುಂಬಾ ಇಷ್ಟದ ಭಾಗ. ಸಾಲಾಗಿ ಕೂತು ಎಲ್ಲರೂ ಬೀಡಿ ಕಟ್ಟುತ್ತಾರೆ. ಒಬ್ಬರು ಮಾತ್ರ ಕಟ್ಟುವುದಿಲ್ಲ. ಅವರ ಕೈಯಲ್ಲಿ ಪೇಪರ್. ಗಟ್ಟಿಯಾಗಿ ಓದ್ತಾರೆ, ಎಲ್ಲರೂ ಕೇಳ್ತಾರೆ. ಓದುವವರಿಗೆ ಆ ಹೊತ್ತಿನ ಮಜೂರಿ ಹೋಗಬಾರದಲ್ಲ, ಅದಕ್ಕೆ ಉಳಿದವರು ತಮ್ಮ ಪಾಲಿನಿಂದ ಸ್ವಲ್ಪ ಸ್ವಲ್ಪ ಬೀಡಿ ಹಾಕಿ ಅವರ ಲೆಕ್ಕ ತುಂಬಿಸ್ತಾರೆ. ಇದು ಸಹಕಾರಿ ಸಂಘಕ್ಕಿಂತ ಹಳೆಯ ಪದ್ಧತಿ, ಮಲಬಾರಿನ ಬೀಡಿ ಶೆಡ್ಡುಗಳಲ್ಲಿ ಮೊದಲಿಂದಲೂ ಇದ್ದದ್ದು. ಪೇಪರ್ ಆದ ಮೇಲೆ ಕಾದಂಬರಿ, ಕತೆ. ಓದಿದ್ದರ ಮೇಲೆ ಚರ್ಚೆ, ಜಗಳ, ನಗು. ಶಾಲೆಗೆ ಹೋಗದವರಿಗೂ ದೆಹಲಿಯಲ್ಲಿ ಏನಾಯ್ತು ಗೊತ್ತಿರ್ತಿತ್ತು.

ಇದು ಮಲಬಾರಿನದ್ದು ಮಾತ್ರ ಅಲ್ಲ. ಕ್ಯೂಬಾದ ಹವಾನಾದಲ್ಲಿ 1865ರಲ್ಲೇ ಸಿಗಾರ್ ಸುತ್ತುವ ಕಾರ್ಖಾನೆಗಳಲ್ಲಿ ಹೀಗೆ ಓದುವ ಪದ್ಧತಿ ಶುರುವಾಗಿತ್ತು. ಓದುವವನ ಸಂಬಳ ಅಲ್ಲೂ ಕಾರ್ಮಿಕರೇ ಕೊಡೋದು. ಮಾಂಟೆ ಕ್ರಿಸ್ಟೊ ಅನ್ನೋ ಸಿಗಾರಿನ ಹೆಸರು ಆ ಕಾದಂಬರಿಯನ್ನು ಕಾರ್ಮಿಕರು ಅಷ್ಟು ಇಷ್ಟಪಟ್ಟು ಕೇಳ್ತಿದ್ದರಿಂದ ಬಂತು ಅಂತ ಹೇಳ್ತಾರೆ. ಅಮೆರಿಕದ ಫ್ಲಾರಿಡಾದ ಟ್ಯಾಂಪಾದಲ್ಲಿ ಮಾಲೀಕರಿಗೆ ಈ ಓದು ಕಣ್ಣಿಗೆ ಚುಚ್ಚಿತು, ಇವನು ಓದಿ ಓದಿ ಜನರ ತಲೆ ಕೆಡಿಸ್ತಾನೆ ಅಂತ. 1931ರಲ್ಲಿ ಓದುವವರನ್ನು ತೆಗೆದ್ರು. ಕಾರ್ಮಿಕರು ಮುಷ್ಕರ ಹೂಡಿದ್ರು, ಸೋತರು. ಓದುವವನ ಜಾಗಕ್ಕೆ ರೇಡಿಯೊ ಬಂತು.

ಹಾಥಾರ್ನಿನಲ್ಲಿ ಮಾತಾಡಿದ್ದಕ್ಕೆ ಇಬ್ಬರನ್ನು ಕೋಣೆಯಿಂದ ಹೊರಗೆ ಹಾಕಿದರು. ಕಣ್ಣೂರಲ್ಲಿ ಮಾತಾಡಲಿಕ್ಕೇ ಒಬ್ಬರನ್ನು ಇಟ್ಟುಕೊಂಡರು, ಖರ್ಚು ಕೆಲಸದವರೇ ಹಂಚಿಕೊಂಡರು. ನಮ್ಮ ಬೆಂಗಳೂರಿನ ಹಾಲಿನಲ್ಲಿ ಭಾಷಣ ಮಾಡಿದವರನ್ನು ನಾವು ಯಾರೂ ಕರೆದಿರಲಿಲ್ಲ ನೋಡಿ. ನಮ್ಮ ಕಿಸೆಯಿಂದ ಹತ್ತು ರೂಪಾಯಿ ಹಾಕಿ ಕರೆಸಿ ಅಂದಿದ್ರೆ ಯಾರನ್ನು ಕರೀತಿದ್ವಿ ಅಂತ ಈಗಲೂ ಯೋಚನೆ ಮಾಡ್ತೇನೆ. ಬಹುಶಃ ಒಬ್ಬ ಲೇಬರ್ ವಕೀಲರನ್ನು.

ದಿನೇಶ್ ಸ್ವರ್ಗ ಅಂತ ನಾನು ಹೇಳ್ತಾ ಇಲ್ಲ. ಅಲ್ಲೂ ಬೀಡಿಯೇ, ಅಲ್ಲೂ ಬೆನ್ನುನೋವು, ಹೊಗೆಸೊಪ್ಪಿನ ಧೂಳು. ಬೀಡಿ ಸೇದುವವರು ಕಡಿಮೆ ಆದ ಹಾಗೆ ಸಂಘವೂ ಕುಗ್ಗಿತು. ಮಸಾಲೆಪುಡಿ, ತೆಂಗಿನ ಹಾಲು, ಕೊಡೆ, ಸಿದ್ಧ ಉಡುಪು ಅಂತ ಬೇರೆ ಬೇರೆ ಕೆಲಸಕ್ಕೆ ಕೈ ಹಾಕಿದ್ರು. ಆದ್ರೆ ಒಂದು ವಿಷಯ ಇತ್ತು: ಬೋನಸ್, ರಜೆ, ಹೆರಿಗೆ ಭತ್ಯೆ ಎಲ್ಲವನ್ನೂ ಕೊಟ್ಟು, ಗಿಟ್ಟುವುದಿಲ್ಲ ಅಂತ ಕಂಪನಿಗಳು ಬಿಟ್ಟುಹೋದ ಅದೇ ವ್ಯಾಪಾರವನ್ನು ಹತ್ತಾರು ವರ್ಷ ನಡೆಸಿ ತೋರಿಸಿದ್ರು.

ಈಗ ನಮ್ಮ ಜಗಲಿಗೆ ವಾಪಸ್. ನಮ್ಮ ಕಡೆ ಶೆಡ್ಡು ಇಲ್ಲ. ಒಬ್ಬೊಬ್ಬರು ಒಂದೊಂದು ಮನೆಯಲ್ಲಿ, ಒಂದು ಮನೆಗೂ ಇನ್ನೊಂದಕ್ಕೂ ನಡುವೆ ಗದ್ದೆ, ತೋಟ, ಗುಡ್ಡ. ಸೇರುವ ಜಾಗ ಒಂದೇ, ಬ್ರಾಂಚಿನ ಎದುರಿನ ಸಾಲು. ಆದ್ರೂ ಇಲ್ಲಿ ಯೂನಿಯನ್ ಕಟ್ಟಿದವರು ಇದ್ದರು, ಊರೂರು ನಡೆದವರು. ಆದರೆ ನಾನು ಹೇಳಹೊರಟದ್ದು ಕೋರ್ಟಿನ ಕತೆ.

1966ರ ಕಾಯ್ದೆಯನ್ನು ಬೀಡಿ ಮಾಲೀಕರು ಪ್ರಶ್ನೆ ಮಾಡಿದ್ರು. ದೇಶದ ಬೇರೆ ಬೇರೆ ಕಡೆಯ ಅರ್ಜಿಗಳು ಸುಪ್ರೀಂ ಕೋರ್ಟಿಗೆ ಹೋದವು. ತೀರ್ಪು ಬಂದದ್ದು 1974ರ ಜನವರಿಯಲ್ಲಿ. ಕಾನೂನು ಓದುವವರು ಇವತ್ತಿಗೂ ಆ ಕೇಸನ್ನು ಕರೆಯುವುದು ನಮ್ಮ ಊರಿನ ಹೆಸರಲ್ಲೇ: ಮಂಗಳೂರು ಗಣೇಶ್ ಬೀಡಿ ವರ್ಕ್ಸ್ ವಿರುದ್ಧ ಭಾರತ ಸರ್ಕಾರ. ಕೋರ್ಟು ಕಾಯ್ದೆಯನ್ನು ಎತ್ತಿಹಿಡಿಯಿತು. ಮನೆಯಲ್ಲಿ ಕಟ್ಟಿದರೂ, ಮಧ್ಯೆ ಕಂಟ್ರಾಕ್ಟರ್ ಇದ್ದರೂ, ಜವಾಬ್ದಾರಿ ಕಂಪನಿಯದ್ದು. ಅದೇ ವರ್ಷ ಕರ್ನಾಟಕದಲ್ಲಿ ದೇವರಾಜ ಅರಸರ ಕಾಲದ ಭೂಸುಧಾರಣೆಯ ತಿದ್ದುಪಡಿಯೂ ಜಾರಿಗೆ ಬಂತು. ನಮ್ಮ ಕಡೆ ಹಿರಿಯರು ಈಗಲೂ "ಡಿಕ್ಲರೇಷನ್ನಲ್ಲಿ ಸಿಕ್ಕಿದ ಜಾಗ" ಅಂತಾರಲ್ಲ, ಅದು. ಗೇಣಿಯ ಮನೆ ಸ್ವಂತ ಆದದ್ದೂ, ಜಗಲಿಯ ಕೆಲಸ ಕಾನೂನಿನ ಲೆಕ್ಕದಲ್ಲಿ ಕೆಲಸ ಆದದ್ದೂ ಒಂದೇ ವರ್ಷ.

1977ರಲ್ಲಿ ಬೀಡಿ ಉದ್ಯಮಕ್ಕೆ ಪಿಎಫ್ ಅನ್ವಯ ಮಾಡಿದರು. ಮತ್ತೆ ತಕರಾರು: ಶೆಡ್ಡಲ್ಲಿ ಕೂತವರಿಗೆ ಸರಿ, ಮನೆಯಲ್ಲಿ ಕಟ್ಟುವವರಿಗೆ ಯಾಕೆ? ಅವರ ಮೇಲೆ ನಮಗೆ ಏನು ಹಿಡಿತ ಉಂಟು? ಈ ಕೇಸು, ಪಿ.ಎಂ. ಪಟೇಲ್ ಅಂಡ್ ಸನ್ಸ್ ಅನ್ನೋರದ್ದು, 1985ರಲ್ಲಿ ತೀರ್ಮಾನ ಆಯ್ತು. ಅದನ್ನು ಓದುವಾಗ ನಾನು ಕುರ್ಚಿಯಿಂದ ಎದ್ದು ನಿಂತೆ, ನಿಜವಾಗಿ. ಕೋರ್ಟು ಹೇಳಿದ್ದರ ಸಾರ ಇಷ್ಟು: ಹಿಡಿತ ಇಲ್ಲ ಅಂತೀರಿ, ಆದ್ರೆ ಬೀಡಿ ತಂದಾಗ ನೋಡಿ, ಸರಿ ಇಲ್ಲದ್ದನ್ನು ರಿಜೆಕ್ಟ್ ಮಾಡುವ ಹಕ್ಕು ನಿಮ್ಮದಲ್ವಾ? ರಿಜೆಕ್ಟ್ ಮಾಡುವ ಆ ಹಕ್ಕೇ ಹಿಡಿತ, ಅದೇ ಮೇಲ್ವಿಚಾರಣೆ. ಹಾಗಾಗಿ ಅವರು ನಿಮ್ಮ ಕಾರ್ಮಿಕರು. ಪಿಎಫ್ ಕಟ್ಟಿ.

ಅರ್ಥ ಆಯ್ತಾ? ಅಮ್ಮ ಕತ್ತರಿ ಮೂಲೆಗೆ ಎಸೆಯುವ ಹಾಗೆ ಮಾಡ್ತಿದ್ದ ಆ ರಿಜೆಕ್ಟ್, ನನ್ನ ಗೋಳಿಬಜೆ ತಪ್ಪಿಸ್ತಿದ್ದ ಆ ರಿಜೆಕ್ಟ್, ಅದೇ ದೆಹಲಿಯಲ್ಲಿ ಅಮ್ಮ ಕಾರ್ಮಿಕಳು ಅನ್ನೋದಕ್ಕೆ ಸಾಕ್ಷಿ ಆಯ್ತು. ನೀನು ಕಟ್ಟಿದ್ದು ಸರಿ ಇಲ್ಲ ಅಂತ ಹೇಳುವ ಅಧಿಕಾರ ಯಾರಿಗೆ ಉಂಟೋ, ನಿನ್ನ ಮುಪ್ಪಿನ ಜವಾಬ್ದಾರಿಯಲ್ಲಿ ಪಾಲೂ ಅವರಿಗೆ ಉಂಟು.

ಪಿಎಫ್ ನಂಬರ್ ಬಂದ ಮೇಲೆ ಏನು ಬದಲಾಯ್ತು ಅಂತ ಅಮ್ಮನ ಹತ್ತಿರ ಕೇಳಿದೆ. ಮಜೂರಿ ಆ ದಿನ ಹೆಚ್ಚಾಗಲಿಲ್ಲ, ರಿಜೆಕ್ಟ್ ನಿಲ್ಲಲಿಲ್ಲ, ಕಡಿತ ಆದದ್ದರಿಂದ ಕೈಗೆ ಬರುವ ಹಣ ಸ್ವಲ್ಪ ಕಡಿಮೆಯೇ ಆಯ್ತು. ಬೀಡಿಗೆ ಪಿಎಫ್ ದರ 10 ಶೇಕಡಾ, ಕಾರ್ಮಿಕರಿಂದ ಅಷ್ಟು, ಕಂಪನಿಯಿಂದ ಅಷ್ಟು. "ಆದ್ರೆ ಪುಸ್ತಕದಲ್ಲಿ ನನ್ನ ಹೆಸರು ಬಂತು" ಅಂದ್ರು. ಮೊದಲು ಕೆಲವರ ಬೀಡಿ ಬೇರೆ ಯಾರದ್ದೋ ಪುಸ್ತಕದಲ್ಲಿ ಹೋಗ್ತಿತ್ತು, ಇಬ್ಬರು ಮೂವರು ಸೇರಿ ಒಂದೇ ಹೆಸರಲ್ಲಿ ಕಟ್ಟುತ್ತಿದ್ದರು. ಸ್ವಂತ ಹೆಸರು ಬಂದ ಮೇಲೆ ಅಮ್ಮ ಒಂದು ಸಾವಿರಕ್ಕೆ ಇನ್ನೂರು ಸೇರಿಸಿ ಕಟ್ಟಲಿಕ್ಕೆ ಶುರು ಮಾಡಿದ್ರಂತೆ. ಯಾಕೆ ಅಂತ ಕೇಳಿದ್ರೆ, "ಲೆಕ್ಕ ನನ್ನದಲ್ವಾ" ಅಂದ್ರು. ಹರ್ಜ್‌ಬರ್ಗ್ ಇದನ್ನು ಯಾವ ಪಟ್ಟಿಗೆ ಹಾಕ್ತಿದ್ರು ನೋಡಬೇಕಿತ್ತು. ಅವರ ಪ್ರಕಾರ ಭದ್ರತೆಯಿಂದ ಹುರುಪು ಬರಬಾರದು.

ಆ ಪಿಎಫ್ ಹಣದಿಂದ, 1976ರ ಬೀಡಿ ಕಾರ್ಮಿಕರ ಕಲ್ಯಾಣ ನಿಧಿಯ ಸ್ಕಾಲರ್‌ಶಿಪ್ಪಿನಿಂದ ಓದಿದ ಮಕ್ಕಳು ನಮ್ಮ ಕಡೆ ಎಷ್ಟೋ ಜನ. ನನ್ನ ಕಾಲೇಜು ಫೀಸೂ ಅದರಲ್ಲಿ ಸೇರಿದೆ, ಹೇಳಲಿಕ್ಕೆ ನಾಚಿಕೆ ಏನಿಲ್ಲ.

ಒಂದು ಸಣ್ಣ ವಿಷಯ, ಕಾಮರ್ಸಿನವರಿಗೆ. ಗಣೇಶ್ ಬೀಡಿಯ ಪಾಲುದಾರಿಕೆ ಮುರಿದು 1994ರಲ್ಲಿ ಕೋರ್ಟಿನ ಮೂಲಕ ಸಂಸ್ಥೆಯ ಹರಾಜು ಆಯ್ತು. ಗೆದ್ದ ಬಿಡ್ 92 ಕೋಟಿ ರೂಪಾಯಿ. ಅದರಲ್ಲಿ ದೊಡ್ಡ ಪಾಲು ಟ್ರೇಡ್‌ಮಾರ್ಕಿನಂಥ ಕಣ್ಣಿಗೆ ಕಾಣದ ಆಸ್ತಿಗೆ. ಆ ಆಸ್ತಿಗೆ ತೆರಿಗೆಯಲ್ಲಿ ಸವಕಳಿ ಕೊಡಬೇಕಾ ಬೇಡ್ವಾ ಅಂತ ಜಗಳ ನಡೆದು 2015ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಮುಗೀತು. ತೀರ್ಪು ಓದಲಿಕ್ಕೆ ಸಿಗ್ತದೆ, ಗುಡ್‌ವಿಲ್ ಚ್ಯಾಪ್ಟರ್ ಅರ್ಥ ಆಗದವರು ಓದಿ. ನಾನು ಓದುವಾಗ ಬೆರಳು ಎಲ್ಲಿ ಬರ್ತದೆ ಅಂತ ಹುಡುಕಿದೆ. ಬೀಡಿಗೆ ಹೆಸರು ಬರೋದು ಅದು ಬಿಚ್ಚಿಹೋಗದೆ ಕೊನೆವರೆಗೆ ಉರಿದರೆ. ಆ ಬಿಗಿ ಇರೋದು ಬೆರಳಲ್ಲಿ. ಬ್ಯಾಲೆನ್ಸ್ ಶೀಟಲ್ಲಿ ಬೆರಳಿಗೆ ಕಾಲಂ ಇಲ್ಲ.

ಇಷ್ಟು ಹೇಳಿದ ಮೇಲೆ ಇನ್ನೊಂದು ಮಾತನ್ನೂ ಹೇಳಬೇಕು. ಬೀಡಿ ಒಳ್ಳೆಯದು ಅಲ್ಲ. ಸೇದಿದವರನ್ನು ಕೊಲ್ತದೆ, ಕಟ್ಟಿದವರ ಶ್ವಾಸಕೋಶವನ್ನೂ ಬಿಡೋದಿಲ್ಲ. ನಮ್ಮ ದೊಡ್ಡಮ್ಮನ ಕೆಮ್ಮು ನಾನು ಕೇಳಿದ್ದೇನೆ. ಈ ಕೆಲಸ ಉಳಿಯಬೇಕು ಅಂತ ನನ್ನ ಆಸೆ ಅಲ್ಲ. ಈಗ ನಮ್ಮ ವಯಸ್ಸಿನ ಹುಡುಗಿಯರು ಯಾರೂ ಕಟ್ಟುವುದಿಲ್ಲ, ಅದು ಒಳ್ಳೆಯದೇ. ಪಿಎಫ್ ಸಿಕ್ಕಿತು ಅಂದ ಮಾತ್ರಕ್ಕೆ ಎಲ್ಲ ಸರಿ ಆಯ್ತು ಅಂತಲೂ ಅಲ್ಲ. 2014ರಿಂದ ಆ ಯೋಜನೆಯಲ್ಲಿ ಕನಿಷ್ಠ ಪಿಂಚಣಿ ತಿಂಗಳಿಗೆ 1,000 ರೂಪಾಯಿ. ಸಾವಿರ ಬೀಡಿಯ ಲೆಕ್ಕದಲ್ಲಿ ಬದುಕಿದವರಿಗೆ ಕೊನೆಗೂ ಒಂದು ಸಾವಿರ.

ಆದ್ರೆ ಜಗಳ ಹಳೆಯದಾಗಿಲ್ಲ. ನಿಮ್ಮಲ್ಲಿ ಕೆಲವರು ಇದನ್ನು ಕೇಳ್ತಾ ಇರೋದು ಬೈಕಿನ ಮೇಲೆ, ಬೆನ್ನಲ್ಲಿ ಡೆಲಿವರಿ ಬ್ಯಾಗ್ ಹಾಕಿಕೊಂಡು, ನನಗೆ ಮೆಸೇಜ್ ಬರ್ತದೆ. ಆ್ಯಪಿನವರು ನಿಮ್ಮನ್ನು ಕರೆಯೋದು ಪಾರ್ಟ್‌ನರ್ ಅಂತ. ಬೇಕಾದಾಗ ಲಾಗಿನ್, ಬೇಡ ಅಂದ್ರೆ ಲಾಗೌಟ್, ಹಾಗಾಗಿ ಕಾರ್ಮಿಕ ಅಲ್ಲ. 1961ರ ನಾಸಿಕ್ ಕೇಸಿನ ಮಾತು ಕೇಳಿದ ಹಾಗೆ ಆಗ್ತದಾ? ರೇಟಿಂಗ್ ಕಡಿಮೆ ಆದ್ರೆ ಐಡಿ ಬ್ಲಾಕ್. ಅದು ಬ್ರಾಂಚಿನ ರಿಜೆಕ್ಟ್. ಕರ್ನಾಟಕ 2025ರಲ್ಲಿ ಗಿಗ್ ಕಾರ್ಮಿಕರಿಗೆ ಒಂದು ಕಾಯ್ದೆ ತಂದಿದೆ, ಕಲ್ಯಾಣ ಮಂಡಳಿ, ಕಂಪನಿಗಳಿಂದ ಶುಲ್ಕ, ಕಾರಣ ಹೇಳದೆ ತೆಗೆಯೋದಕ್ಕೆ ತಡೆ ಎಲ್ಲ ಅದರಲ್ಲಿ ಉಂಟು. 1966ರ ಬೀಡಿ ಕಾಯ್ದೆ ಹೊಸ ಕಾರ್ಮಿಕ ಸಂಹಿತೆಯ ಒಳಗೆ ಸೇರಿಹೋಗಿದೆ, ಆ ಸಂಹಿತೆಗಳು ಜಾರಿಗೆ ಬಂದದ್ದು 2025ರ ನವೆಂಬರಿನಲ್ಲಿ. ಜಗಲಿಯಿಂದ ಬೈಕಿಗೆ ಬರಲಿಕ್ಕೆ ಇಷ್ಟು ವರ್ಷ ಹಿಡೀತು.

ಅಮ್ಮ ಈಗ ಕಡಿಮೆ ಕಟ್ಟುತ್ತಾರೆ, ಬಿಟ್ಟಿಲ್ಲ. ನಮ್ಮ ಜಗಲಿಯಲ್ಲಿ ಪೇಪರ್ ಓದುವವರು ಇರಲಿಲ್ಲ, ರೇಡಿಯೊ ಇತ್ತು. 1976ರಲ್ಲಿ ಮಂಗಳೂರು ಆಕಾಶವಾಣಿ ಶುರುವಾದ ಮೇಲೆ ಎಷ್ಟೋ ಮನೆಗಳ ಬೀಡಿ ಅದರ ಜೊತೆಗೇ ಕಟ್ಟಿದ್ದು. ಈಗ ಆ ಜಾಗದಲ್ಲಿ ಫೋನ್. ಯಕ್ಷಗಾನ ಹಾಕ್ತಾರೆ, ತುಳು ನಾಟಕ ಹಾಕ್ತಾರೆ, ಯಾವಾಗಲಾದರೂ ನನ್ನ ಪಾಡ್‌ಕಾಸ್ಟ್ ಹಾಕ್ತಾರೆ. ಈ ಸಂಚಿಕೆಯ ಮೊದಲ ಕರಡು ರೆಕಾರ್ಡ್ ಮಾಡಿ ಅವರಿಗೇ ಕೇಳಿಸಿದೆ. ತಡ್ಪೆ ಮಡಿಲಲ್ಲಿಟ್ಟುಕೊಂಡು ಪೂರ್ತಿ ಕೇಳಿದ್ರು. 1985ರ ತೀರ್ಪಿನ ಹತ್ತಿರ ಬರುವಾಗ ಕೈ ನಿಂತಿತ್ತು. ಮುಗಿದ ಮೇಲೆ ಏನಾದ್ರೂ ಹೇಳ್ತಾರೆ ಅಂತ ಕಾದೆ.

"ಸ್ವಲ್ಪ ನಿಧಾನ ಮಾತಾಡು ಮಗಾ" ಅಂದ್ರು, "ಕಟ್ಟು ಲೆಕ್ಕ ತಪ್ಪಿಹೋಯ್ತು." ಆಮೇಲೆ ಬಿಚ್ಚಿ ಮತ್ತೆ ಎಣಿಸಲಿಕ್ಕೆ ಶುರು ಮಾಡಿದ್ರು.